ಬಳಿಗಾರ ಓಣಿಯ ತಿರುವು

ಮೆಟ್ಟೂರು, ಮೂರನೇ ಸಾಲು
ಮಳೆಬಿಡುವಿನ ಮಾಸ, ನಲವತ್ತೊಂದನೇ ದಿನ, ತೂಗುವರ್ಷ ನೂರಾ ಎಂಟು

ಕ್ಯಾಮೆರಾ ಗಾಡಿ ಓಡಿಸುತ್ತಿರುವ ಅಣ್ಣನವರಿಗೆ,

ಮೇಲಿನ ತಾರೀಖು ನೋಡಿ ಇವಳಿಗೆ ತಲೆ ಕೆಟ್ಟಿದೆ ಎಂದುಕೊಳ್ಳಬೇಡಿ. ನಮ್ಮಲ್ಲಿ ತಿಂಗಳುಗಳು ಚಂದ್ರನ ಲೆಕ್ಕ ಬಿಟ್ಟು ಬಹಳ ಕಾಲವಾಯಿತು. ಮಳೆ ನಿಂತಾಗ ಒಂದು ಮಾಸ ಹುಟ್ಟುತ್ತದೆ, ಮತ್ತೆ ಹಿಡಿದಾಗ ಮುಗಿಯುತ್ತದೆ. ನಡುವೆ ಎಷ್ಟು ದಿನ ಸಿಕ್ಕಿತೋ ಅಷ್ಟು. ಈ ಸಲ ದೇವರು ದೊಡ್ಡ ಮನಸ್ಸು ಮಾಡಿದ್ದಾನೆ. ನನ್ನ ಮಾತುಗಳೂ ನಿಮ್ಮ ಕಿವಿಗೆ ಸ್ವಲ್ಪ ಸೊಟ್ಟಗೆ ಕೇಳಬಹುದು. ನಾನು ಕಲಿತ ಕನ್ನಡದಲ್ಲಿ ಅರ್ಧ ನನ್ನ ಅಜ್ಜಿಯದು, ಇನ್ನರ್ಧ ನೀವು ಈಗ ಯಾವ ಆಟಕ್ಕಾಗಿ ಗಾಡಿ ಓಡಿಸುತ್ತಿದ್ದೀರೋ ಆ ಆಟದ್ದು. ಆದ್ದರಿಂದ ತಪ್ಪುಗಳಲ್ಲಿ ನಿಮ್ಮದೂ ಒಂದು ಪಾಲಿದೆ, ಹೊಟ್ಟೆಗೆ ಹಾಕಿಕೊಳ್ಳಿ.

ನನ್ನ ಹೆಸರು ಗುಡ್ಡವ್ವ. ರಾಟೆಗಳಿಗೆ ಎಣ್ಣೆ ಹಾಕುವುದು ನನ್ನ ಕೆಲಸ. ಹಿರಿಯರ ಹಬ್ಬಕ್ಕೆ ನಮ್ಮಲ್ಲಿ ಪ್ರತಿಯೊಬ್ಬರೂ ಒಂದು ಹಿಂದೋಲೆ ಬರೆಯುತ್ತಾರೆ. ಹಿಂದೋಲೆ ಎಂದರೆ ಆಗಿಹೋದವರಿಗೆ ಬರೆಯುವ ಕಾಗದ. ಅದನ್ನು ಹೋಳಿಗೆಯ ಜೊತೆ ಬುಟ್ಟಿಯಲ್ಲಿಟ್ಟು ಕೆಳಗಿನ ಮೋಡದೊಳಕ್ಕೆ ಇಳಿಬಿಡುತ್ತೇವೆ. ಬುಟ್ಟಿ ಮೇಲೆ ಬಂದಾಗ ಹೋಳಿಗೆಯೂ ಇರುವುದಿಲ್ಲ, ಕಾಗದವೂ ಇರುವುದಿಲ್ಲ. ಕೋತಿಗಳ ಕೆಲಸ ಎಂದು ತಿಳಿದವರು ನಗುತ್ತಾರೆ. ಹೋಳಿಗೆ ಸರಿ, ಕೋತಿಗೆ ಕಾಗದ ಯಾಕೆ ಬೇಕು ಎಂದು ಕೇಳಿದರೆ ಅವರೇ ಮಾತು ಬದಲಿಸುತ್ತಾರೆ. ಎಲ್ಲರೂ ತಮ್ಮ ತಮ್ಮ ಮುತ್ತಜ್ಜ ಮುತ್ತಜ್ಜಿಯರಿಗೆ ಬರೆಯುತ್ತಾರೆ. ನಾನು ಮಾತ್ರ ನೆಂಟರಲ್ಲದ, ಹೆಸರು ಕೂಡ ಗೊತ್ತಿಲ್ಲದ ನಿಮಗೆ ಬರೆಯುತ್ತಿದ್ದೇನೆ. ಯಾಕೆಂದರೆ ನಿಮ್ಮ ಮೇಲೆ ನನಗೆ ಸಿಟ್ಟಿದೆ.

ಸಿಟ್ಟಿನ ಕಾರಣ ಹೇಳುವ ಮುಂಚೆ ನಾವು ಹೇಗಿದ್ದೇವೆ ಎಂದು ಹೇಳಬೇಕು. ನಿಮ್ಮ ಊರು, ಎಂದರೆ ಹುಬ್ಬಳ್ಳಿ, ಈಗ ಬಿಡುಭೂಮಿ. ಬಿಸಿಲು ತಾಳಲಾರದೆ ಬಯಲಿನ ಊರುಗಳನ್ನೆಲ್ಲ ಬಿಟ್ಟು ಜನ ಪಡುವಣ ಗುಡ್ಡಗಳ ಕಡಿದಾದ ಮೈಗೆ ಬಂದು ಅಂಟಿಕೊಂಡರು. ಅದೇ ಮೆಟ್ಟೂರು. ಮನೆಗಳು ಮೆಟ್ಟಿಲಿನ ಹಾಗೆ ಒಂದರ ಕೆಳಗೊಂದು ಇವೆ. ಒಂದು ಸಾಲಿನಿಂದ ಇನ್ನೊಂದಕ್ಕೆ ಹೋಗಲು ತೂಗುದಾರಿ, ಅಂದರೆ ರಾಟೆಗೆ ಸುತ್ತಿದ ಹಗ್ಗದ ಮೇಲೆ ಸರಿಯುವ ತೊಟ್ಟಿಲು. ಅದಕ್ಕೆ ಹೋಗುವುದು ಬರುವುದು ಎರಡೇ ಗೊತ್ತು. ಎಡ ಬಲ ಗೊತ್ತಿಲ್ಲ. ಬಾಗಿಲ ಮುಂದೆ ನೆಲವಿಲ್ಲ, ಜಾಲರಿ ಅಂಗಳವಿದೆ. ಕಬ್ಬಿಣದ ಬಲೆ ಅದು, ಮಳೆನೀರು ನಿಲ್ಲದೆ ಸೋರಿಹೋಗಲಿ ಎಂದು. ಅದರ ಮೇಲೆ ನಿಂತರೆ ಕಾಲ ಕೆಳಗೆ ಮೋಡ ಓಡಾಡುವುದು ಕಾಣುತ್ತದೆ. ಚಮಚ ಬಿದ್ದರೆ ಹೋಯಿತು, ಕಾಳು ಚೆಲ್ಲಿದರೆ ಹೋಯಿತು. ನಮ್ಮ ಮಕ್ಕಳಿಗೆ ಮೊದಲು ಕಲಿಸುವ ಪಾಠ ಗಟ್ಟಿಯಾಗಿ ಹಿಡಿದುಕೊಳ್ಳುವುದು. ಬದುಕು ಕೆಟ್ಟದಾಗಿಲ್ಲ, ದೂರಬಾರದು. ಹಸಿರು ಸೊಪ್ಪು ಬೆಳೆಯುತ್ತದೆ, ಜೇನು ಸಿಗುತ್ತದೆ, ಜಗಳಕ್ಕೆ ಅಕ್ಕಪಕ್ಕದವರಿದ್ದಾರೆ. ಆದರೂ ನೆಲದ ಮೇಲೆ ನಡೆಯಬೇಕು, ಒಂದು ತಿರುವಿನಲ್ಲಿ ತಿರುಗಬೇಕು, ತಿರುಗಿದ ಕೂಡಲೇ ಪರಿಚಯದ ಬಾಗಿಲು ಕಾಣಬೇಕು ಎಂಬ ಆಸೆ ನಮ್ಮ ರಕ್ತದಲ್ಲಿ ಎಲ್ಲೋ ಉಳಿದುಬಿಟ್ಟಿದೆ. ಅದಕ್ಕೆ ನಾವು ಹಂಬಲ ಎನ್ನುವುದಿಲ್ಲ, ಓಣಿನೋವು ಎನ್ನುತ್ತೇವೆ. ಮಳೆಗಾಲದಲ್ಲಿ ಜಾಸ್ತಿ ಬರುತ್ತದೆ.

ಓಣಿನೋವಿಗೆ ಇಡೀ ಊರಿಗೆ ಇರುವುದು ಒಂದೇ ಔಷಧಿ. ಆಟದಮನೆಯ ಪೆಟ್ಟಿಗೆ. ಅದರೊಳಗೆ ‘ಬಿರುಗಾಲಿ’ ಎಂಬ ಓಟದ ಆಟವಿದೆ. ಅದು ಮೊದಲು ಸಮುದ್ರದಾಚೆ ಯಾವುದೋ ಹೆಸರಿನಲ್ಲಿ ಹುಟ್ಟಿತಂತೆ. ಹೊಳೆಯುವ ರಸ್ತೆಗಳು, ಹಾವಿನ ಹಾಗೆ ಜಾರುವ ದುಬಾರಿ ಕಾರುಗಳು. ಅದನ್ನು ನಿಮ್ಮ ಕಡೆಯವರಿಗೆ ಮಾರಬೇಕೆಂದಾಗ ಮಾಡಿದವರಿಗೆ ಬುದ್ಧಿ ಬಂತು, ಬೇರೆ ಬೇರೆ ಸೀಮೆಗೆ ಬೇರೆ ಬೇರೆ ಆವೃತ್ತಿ ತಂದರು. ನಮ್ಮ ಪಾಲಿಗೆ ಉಳಿದಿರುವುದು ಹುಬ್ಬಳ್ಳಿ ಆವೃತ್ತಿ. ಇದರಲ್ಲಿ ಆಟೊ ಓಡುತ್ತದೆ, ಟಂಟಂ ಓಡುತ್ತದೆ, ಕಬ್ಬು ಹೇರಿದ ಟ್ರ್ಯಾಕ್ಟರ್ ಕೂಡ ಪಂದ್ಯಕ್ಕೆ ನಿಲ್ಲುತ್ತದೆ. ಬಂಪರಿಗೆ ನಿಂಬೆಹಣ್ಣು ಮೆಣಸಿನಕಾಯಿ ಕಟ್ಟದಿದ್ದರೆ ಮೊದಲ ತಿರುವಿನಲ್ಲೇ ಗಾಲಿ ಪಂಕ್ಚರ್. ಚೆನ್ನಮ್ಮ ಸರ್ಕಲ್ ಸುತ್ತಿ ದುರ್ಗದಬೈಲಿಗೆ ನುಗ್ಗುವಾಗ ದಾರಿ ತೋರಿಸುವ ದನಿಯೊಂದು “ಹೊಳ್ಳಸ್ರಿ, ಹೊಳ್ಳಸ್ರಿ, ಎಮ್ಮಿ ಬಂತು!” ಎಂದು ಕೂಗುತ್ತದೆ. ನಮ್ಮ ಮಕ್ಕಳು ತೂಗುದಾರಿಯ ತೊಟ್ಟಿಲಲ್ಲಿ ಕೂತು ಅದನ್ನೇ ಕೂಗುತ್ತಾರೆ. ಹೊಳ್ಳುವುದಕ್ಕೆ, ಎಂದರೆ ತಿರುಗುವುದಕ್ಕೆ, ಜಾಗವಿಲ್ಲ, ಎಮ್ಮೆಯನ್ನಂತೂ ಕಂಡವರಿಲ್ಲ.

ಕೆಲವು ಸಂಗತಿಗಳು ನಮಗೆ ತಿಳಿಯುವುದೂ ಇಲ್ಲ. ದಾರಿಯಲ್ಲಿ ಒಂದು ಕೈಗಾಡಿಯ ಹತ್ತಿರ ನಿಧಾನ ಮಾಡಿದರೆ ಗಿರಮಿಟ್ಟು ಸಿಗುತ್ತದೆ, ಸಿಕ್ಕಿದ ಕೂಡಲೇ ಗಾಡಿಯ ವೇಗ ಏರುತ್ತದೆ. ಹಾಗಾಗಿ ಗಿರಮಿಟ್ಟು ಒಂದು ಬಗೆಯ ಇಂಧನ ಎಂದು ನಮ್ಮ ಶಾಲೆಯಲ್ಲಿ ಕಲಿಸುತ್ತಾರೆ. ನನ್ನ ಅಜ್ಜಿ ನೀಲಗಂಗವ್ವ ಇದನ್ನು ಕೇಳಿದಾಗಲೆಲ್ಲ ಹಣೆ ಚಚ್ಚಿಕೊಳ್ಳುತ್ತಾಳೆ. “ಅದು ತಿನ್ನೂದು ಅದಽ! ಚುರಮರಿ, ಉಳ್ಳಾಗಡ್ಡಿ! ನಮ್ಮವ್ವನ ಅವ್ವ ಹೇಳತಿದ್ಲು,” ಎನ್ನುತ್ತಾಳೆ. ಚುರಮರಿ ಹೇಗಿರುತ್ತದೆ ಎಂದು ಕೇಳಿದರೆ ಅವಳಿಗೂ ಗೊತ್ತಿಲ್ಲ. ನಾವೆಲ್ಲ ಹೀಗೇ, ಹೆಸರು ನಮ್ಮ ಹತ್ತಿರ, ರುಚಿ ನಿಮ್ಮ ಹತ್ತಿರ.

ಈಗ ಸಿಟ್ಟಿನ ವಿಷಯ. ಅಜ್ಜಿಯ ಹಿರಿಯರು ದುರ್ಗದಬೈಲಿನ ಹಿಂದಿನ ಬಳಿಗಾರ ಓಣಿಯವರು. ಮೂಲೆಯ ಮನೆ, ಬಾಗಿಲಿಗೆ ಹಸಿರು ಬಣ್ಣ. ಇಷ್ಟನ್ನು ಅಜ್ಜಿ ತನ್ನ ಅಜ್ಜಿಯಿಂದ ಕೇಳಿದ್ದಾಳೆ, ನನಗೆ ತೊಟ್ಟಿಲಿನಿಂದಲೂ ಹೇಳಿದ್ದಾಳೆ. ಅವಳ ಕಣ್ಣಿಗೆ ಈಗ ಪೊರೆ ಬರುತ್ತಿದೆ. “ಪೂರ್ತಿ ಕತ್ತಲಾಗೂದ್ರಾಗ ನಮ್ಮ ಬಾಗಲಾ ಒಮ್ಮೆ ತೋರಸ, ಗುಡ್ಡೀ,” ಎಂದು ನನ್ನ ಕೈ ಹಿಡಿದು ಕೇಳುತ್ತಾಳೆ. ಕೇಳಿದ್ದು ಇಷ್ಟೇ. ಬೇರೆ ಏನನ್ನೂ ಅವಳು ನನ್ನಿಂದ ಎಂದೂ ಕೇಳಿದವಳಲ್ಲ. ಆಟದಲ್ಲಿ ಬಳಿಗಾರ ಓಣಿಯ ಬಾಯಿ ಇದೆ, ಗೋಡೆಯ ಮೇಲೆ ಹೆಸರೂ ಇದೆ. ಆದರೆ ಎಡಕ್ಕೆ ಹೊಳ್ಳಿಸಿದರೆ ಗಾಡಿ ಗಾಳಿಗೆ ಬಡಿದು ಹಿಂದಕ್ಕೆ ಬರುತ್ತದೆ, ಪೆಟ್ಟಿಗೆಯ ಗಾಜಿನ ಮೇಲೆ ‘ಇತ್ತ ದಾರಿಯಿಲ್ಲ’ ಎಂಬ ಅಕ್ಷರ ಮೂಡುತ್ತದೆ. ಒಳಗೆಲ್ಲ ಬೂದು ಮಬ್ಬು. ನೆಲದ ಮೇಲೆ ಓಣಿಯ ಅಗಲಕ್ಕೂ ಬಿಳಿ ಗೆರೆಗಳ ಒಂದು ಗುರುತಿದೆ, ಒಳಗೆ ಬರಬೇಡಿ ಎಂದು ಆಟ ಮಾಡಿದವರು ಹಾಕಿದ ಗಡಿಗುರುತು. ಹುಬ್ಬಳ್ಳಿಯ ಅಷ್ಟೂ ಓಣಿಗಳು ಆಟದಲ್ಲಿವೆ, ಕೋಳಿ ಅಂಗಡಿಯ ಹಿಂದಿನ ಹೊಲಸು ಸಂದಿ ಕೂಡ ಇದೆ. ಇದೊಂದೇ ಇಲ್ಲ. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಎನ್ನುವುದು ಇದಕ್ಕೇ ಇರಬೇಕು.

ತಪ್ಪು ನಿಮ್ಮದೇ ಎಂದು ನನಗೆ ಹೇಗೆ ಗೊತ್ತು ಎನ್ನುತ್ತೀರಾ? ಆಟದೊಳಗಿನ ಬೀದಿಯಂಗಡಿಗಳ ಗಾಜಿನಲ್ಲಿ ನೀವು ಕಾಣುತ್ತೀರಿ. ಆಟಕ್ಕಾಗಿ ಬೀದಿಗಳ ಚಿತ್ರ ಹಿಡಿಯಲು ತಲೆಯ ಮೇಲೆ ಕ್ಯಾಮೆರಾದ ಕಂಬ ಹೊತ್ತು ತಿರುಗಿದ ಬಿಳಿ ಗಾಡಿ, ಅದರ ಕಿಟಕಿಯಿಂದ ಹೊರಬಂದ ನಿಮ್ಮ ಮೊಣಕೈ. ಮಡಚಿದ ನೀಲಿ ತೋಳು, ಕೈಗೆ ಕಟ್ಟಿದ ಗಡಿಯಾರ. ಮುಖ ಎಲ್ಲೂ ಇಲ್ಲ. ಚಿಕ್ಕಂದಿನಿಂದ ನಾನು ಆ ಮೊಣಕೈ ನೋಡಿ ಬೆಳೆದಿದ್ದೇನೆ. ಅದನ್ನು ನೋಡಿದರೆ ನೆಂಟರನ್ನು ನೋಡಿದ ಹಾಗೆ. ಅದಕ್ಕೇ ಸಿಟ್ಟು ಜಾಸ್ತಿ. ಊರೆಲ್ಲ ಸುತ್ತಿದವರಿಗೆ ಒಂದು ಓಣಿ ಭಾರವಾಯಿತೇ? ಬಿಸಿಲೇ? ಊಟದ ಹೊತ್ತೇ? ಚಹಾ ಕುಡಿಯಲು ಹೋದಿರೇ?

ಪೆಟ್ಟಿಗೆಗೆ ತೇವ ಹಿಡಿದಿದೆ. ದಿನಕ್ಕೊಂದು ಅಂಗ ಬೀಳುತ್ತಿದೆ. ಮೊದಲು ಉಣಕಲ್ ಕೆರೆಯ ನೀರು ಹೋಯಿತು, ಆಮೇಲೆ ಎದುರಾಳಿ ಗಾಡಿಗಳು ಒಂದೊಂದಾಗಿ ಮಾಯವಾದವು. ಮಳೆ ಹಿಡಿದ ಕೂಡಲೇ ಅದನ್ನು ಬಿಚ್ಚಿ ತಾಮ್ರವನ್ನು ರಾಟೆಮನೆಗೆ ಕೊಡುವುದೆಂದು ಊರಸಭೆ ತೀರ್ಮಾನಿಸಿದೆ. ಆ ತಾಮ್ರ ಬರುವುದು ನನ್ನ ಕೈಗೇ. ಆದ್ದರಿಂದ ಅಣ್ಣ, ಕಾಲು ಹಿಡಿದು ಕೇಳುತ್ತೇನೆ. ಈ ಕಾಗದ ಸಿಕ್ಕಾಗ ನೀವು ದುರ್ಗದಬೈಲು ದಾಟುತ್ತಿದ್ದರೆ, ಬಳಿಗಾರ ಓಣಿಯಲ್ಲಿ ಎಡಕ್ಕೆ ಹೊಳ್ಳಿಸಿ. ಪೂರ್ತಿ ಹೋಗುವುದು ಬೇಡ. ಮೂಲೆಯ ಮನೆಯ ಹಸಿರು ಬಾಗಿಲು ಕಂಡರೆ ಸಾಕು. ನೀವು ಅಲ್ಲಿ ಹೊಳ್ಳಿಸಿದರೆ ಇಲ್ಲಿ ಆಟದಮನೆಯಲ್ಲಿ ಬೂದು ಮಬ್ಬು ಸರಿದು ಓಣಿ ತೆರೆದುಕೊಳ್ಳುತ್ತದೆ ಎಂದು ನಾನು ದಿನಾ ಬೆಳಿಗ್ಗೆ ಹೋಗಿ ನೋಡುತ್ತೇನೆ.

ಇಲ್ಲಿಯವರೆಗೆ ಬರೆದದ್ದು ಮೊನ್ನೆ. ಮುಗಿಸಿ ಸಹಿ ಹಾಕುವಷ್ಟರಲ್ಲಿ ಎಣ್ಣೆ ಮುಗಿದ ರಾಟೆಯೊಂದು ಕಿರುಚತೊಡಗಿತು, ಎದ್ದು ಹೋದೆ. ಹಾಗೆ ಹೋದದ್ದೇ ಒಳ್ಳೆಯದಾಯಿತು. ನಿನ್ನೆ ಆದದ್ದನ್ನು ಬರೆಯದೆ ಈ ಕಾಗದ ಬುಟ್ಟಿಗೆ ಬಿದ್ದಿದ್ದರೆ ನಿಮಗೆ ಅನ್ಯಾಯವಾಗುತ್ತಿತ್ತು.

ನಿನ್ನೆ ಅಜ್ಜಿಯನ್ನು ಬೆನ್ನಿಗೆ ಕಟ್ಟಿಕೊಂಡು ಆಟದಮನೆಗೆ ಕರೆದೊಯ್ದೆ. ಕೊನೆಯ ಸಲ ಊರು ಸುತ್ತಿಸಿ ತರೋಣ ಎಂದು. ಆಟದಮನೆಯಲ್ಲಿ ಬೇರೆ ಯಾರೂ ಇರಲಿಲ್ಲ, ಎದುರಾಳಿಗಳಿಲ್ಲದ ಓಟ ಯಾರಿಗೆ ಬೇಕು? ಆಟದ ಗಡಿಯಾರವೂ ಕೆಟ್ಟಿತ್ತು. ಮುಂಚೆ ಈ ಆಟದಲ್ಲಿ ಒಂದು ಉಸಿರಿನಷ್ಟು ಹೊತ್ತು ನಿಂತರೂ ಸೋತಿರಿ ಎಂದು ಹೊರಗೆ ತಳ್ಳುತ್ತಿತ್ತು. ಹಾಗಾಗಿ ಹುಬ್ಬಳ್ಳಿಯಲ್ಲಿ ನಿಂತವರೇ ಇರಲಿಲ್ಲ, ಓಡಿದವರೇ ಎಲ್ಲ. ನಿನ್ನೆ ತಳ್ಳುವವರಿಲ್ಲದೆ ನಾನು ಆಟೊವನ್ನು ಹೆಣ್ಣು ನೋಡಲು ಹೊರಟವರ ಹಾಗೆ ನಿಧಾನವಾಗಿ ಓಡಿಸಿದೆ. ಓಣಿಯ ಬಾಯಿ ಬಂದಾಗ ಅಜ್ಜಿ, “ನಿಲ್ಲಸ,” ಎಂದಳು. ಯಾಕೆ ಎಂದೆ. “ಮನಿ ಮುಂದ ಬಂದ ಮ್ಯಾಲೆ ನಿಲ್ಲಬೇಕಽ ಇಲ್ಲೋ? ಬಾಗಲಾ ಕಾಣಲಿ ಬಿಡಲಿ,” ಎಂದಳು. ನಿಲ್ಲಿಸಿದೆ. ಆಟೊದ ಸದ್ದು ಅಡಗಿತು.

ಸದ್ದು ಅಡಗಿದಾಗ ಬೀದಿ ಕೇಳಿಸಿತು. ನನಗೆ ಗೊತ್ತೇ ಇರಲಿಲ್ಲ, ನಿಮ್ಮ ಗಾಡಿ ಚಿತ್ರದ ಜೊತೆ ದನಿಯನ್ನೂ ಹಿಡಿದಿತ್ತು ಎಂದು. ಓಡುವವರ ಕಿವಿಗೆ ಅದು ಗದ್ದಲ, ನಿಂತವರಿಗೆ ಮಾತು. ಎಲ್ಲೋ ಪಾತ್ರೆ ಬಿತ್ತು, ಯಾರೋ ಕೆಮ್ಮಿದರು. ಆಮೇಲೆ ಒಬ್ಬ ಹುಡುಗಿ, ನಿಮ್ಮ ಪಕ್ಕದ ಸೀಟಿನಲ್ಲಿ ಕೂತವಳಿರಬೇಕು, “ಅಣ್ಣ, ಎಡಗಡೆ ತಗೊಳ್ಳಿ, ಈ ಓಣಿನೂ ಬೇಕು ನಮಗೆ,” ಎಂದಳು.

ನಿಮ್ಮ ದನಿಯನ್ನು ನಾನು ಮೊದಲ ಸಲ ಕೇಳಿದೆ. “ಹೆಂಗ ತಗೊಳ್ಳಲಿರಿ ಮೇಡಂ? ರಂಗೋಲಿ ಹಾಕ್ಯಾರ ನೋಡ್ರಿ, ಈಗ ಹಾಕ್ಯಾರ.”

“ಪಕ್ಕದಲ್ಲಿ ಹೋಗೋಕಾಗಲ್ವಾ?”

“ಗಾಡಿ ಹಿಡಿಯೂವಷ್ಟಽ ಓಣಿ ಐತ್ರಿ. ಗಾಲಿ ಅದರ ಮ್ಯಾಲೇ ಬರತಾವು. ನಾ ಒಲ್ಲೆರಿ.”

ಆಗ ಹತ್ತಿರದಿಂದ ಒಂದು ಹೆಂಗಸಿನ ದನಿ, ನಗುತ್ತ: “ಹೋಗೋ ದಾವಲಸಾಬ, ಹೋಗು. ರಂಗೋಲಿ ಏನ ಬಂಗಾರದ್ದೇನ? ನಾಳೆ ಮತ್ತ ಹಾಕತೀನಿ.”

“ಕಸ್ತೂರೆಕ್ಕ, ನಾಳಿಂದು ನಾಳಿಗಾತು. ಇವತ್ತಿಂದು ಇವತ್ತ ಇರಲಿ. ಇದರ ಮ್ಯಾಲೆ ಗಾಲಿ ಹಾಯಿಸಿದರ ನನಗ ಮಧ್ಯಾಹ್ನ ಊಟ ಸೇರಂಗಿಲ್ಲ.”

ಅಜ್ಜಿ ಹಿಡಿದ ಹಿಡಿತಕ್ಕೆ ನನ್ನ ಭುಜ ಈಗಲೂ ನೋಯುತ್ತಿದೆ. ನಿಮ್ಮ ಕಸ್ತೂರೆಕ್ಕ ಎಂದರೆ ನಮ್ಮ ಕಸ್ತೂರೆವ್ವ, ಅವಳ ಅಜ್ಜಿಯ ಅಜ್ಜಿ. ಹಿರಿಯರ ಹಬ್ಬದಲ್ಲಿ ನಾವು ಎಲ್ಲರಿಗಿಂತ ಮೊದಲು ಕರೆಯುವ ಹೆಸರು ಅದು. ಬರೀ ಹೆಸರಾಗಿದ್ದವಳು ನಗುತ್ತ ನಿಂತಿದ್ದಳು.

ನಾನು ಗಾಜಿನ ಹತ್ತಿರ ಹೋಗಿ ನೆಲದ ಮೇಲಿನ ಬಿಳಿ ಗುರುತನ್ನು ನೋಡಿದೆ. ನೆಲವಿಲ್ಲದ ಊರಿನಲ್ಲಿ ಹುಟ್ಟಿದವಳಿಗೆ ರಂಗೋಲಿ ಹೇಗೆ ಗೊತ್ತಾಗಬೇಕು? ಜಾಲರಿಯ ಮೇಲೆ ಪುಡಿ ಹಾಕಿದರೆ ಮೋಡಕ್ಕೆ ಹೋಗುತ್ತದೆ. ಗೆರೆಗಳು ಹೇಗೆ ಹೋಗಿವೆ ಎಂದು ಅಜ್ಜಿ ಕೇಳಿದಳು. ನಡುವೆ ಗೋಪುರ, ಸುತ್ತ ಮೆಟ್ಟಿಲು ಮೆಟ್ಟಿಲಾಗಿ ಏರಿ ಇಳಿಯುವ ಗೆರೆ, ಮೂರು ಮೂಲೆಗೆ ತುಳಸಿಕಟ್ಟೆ, ಒಂದು ಮೂಲೆ ಮಾತ್ರ ತೆರೆದೇ ಇದೆ ಎಂದು ಹೇಳುತ್ತ ಹೋದೆ. ಹೇಳುತ್ತಿದ್ದಾಗಲೇ ಅವಳು ತನ್ನ ಸೆರಗಿನ ಕಸೂತಿಯನ್ನು ಬೆರಳಿನಿಂದ ಸವರುತ್ತಿದ್ದಳು. ನಮ್ಮ ಮನೆಯ ಹೆಂಗಸರೆಲ್ಲ ಹಾಕುವ ಕಸೂತಿ ಅದೇ. ಒಂದು ಮೂಲೆಯನ್ನು ಬಿಟ್ಟು ಹಾಕಬೇಕು, ಬರುವವರಿಗೆ ದಾರಿ ಇರಲಿ ಎಂದು ಅಜ್ಜಿ ನನಗೂ ಕಲಿಸಿದ್ದಾಳೆ. ನಾನು ಸೋಮಾರಿ, ಅರ್ಧಕ್ಕೆ ಬಿಟ್ಟೆ. ಬರಬೇಡಿ ಎಂದು ಹಾಕಿದ ಗಡಿ ಎಂದು ಇಷ್ಟು ವರ್ಷ ನಾವು ಬೈದುಕೊಂಡದ್ದು ಬನ್ನಿ ಎಂದು ಹಾಕಿದ ಚಿತ್ತಾರವಾಗಿತ್ತು. ನನಗೆ ಅಳು ಬಂತು, ಅತ್ತುಬಿಟ್ಟೆ. ಅದರಲ್ಲಿ ಮುಚ್ಚಿಡುವುದೇನಿದೆ?

ದಾವಲಸಾಬ ಅಣ್ಣ, ನಾನು ನಿಮ್ಮನ್ನು ಏನೆಲ್ಲ ಅಂದೆ! ಸೋಮಾರಿ ಎಂದುಕೊಂಡೆ, ಚಹಾಕ್ಕೆ ಹೋದಿರಿ ಎಂದುಕೊಂಡೆ. ನೀವು ಹೊಳ್ಳಿಸಿದ್ದರೆ ನಮಗೆ ಹಸಿರು ಬಾಗಿಲು ಸಿಗುತ್ತಿತ್ತು, ನಿಜ. ಆದರೆ ಬಾಗಿಲನ್ನು ನೋಡಿ ನಾವು ಎಲ್ಲರ ಹಾಗೆ ಜೋರಾಗಿ ಓಡಿಸಿಕೊಂಡು ಮುಂದೆ ಹೋಗುತ್ತಿದ್ದೆವು. ಕಸ್ತೂರೆವ್ವನ ಕೈಯ ಗೆರೆ ಗಾಲಿಗೆ ಅಂಟಿ ಹೋಗಿರುತ್ತಿತ್ತು. ಅವಳು ನಿಮ್ಮ ಜೊತೆ ಮಾತಾಡುತ್ತಲೇ ಇರಲಿಲ್ಲ. ಅಜ್ಜಿಯನ್ನು ಕೇಳಿದೆ, ಬಾಗಿಲು ಕಾಣಲಿಲ್ಲವಲ್ಲ ಎಂದು. “ಬಾಗಲಾ ಯಾಕ ಬೇಕ, ಮನ್ಯಾಕಿ ಹೊರಗ ಬಂದು ನಿಂತಾಳಲ್ಲ,” ಎಂದಳು. ಪೊರೆ ಬಂದ ಆ ಕಣ್ಣುಗಳನ್ನು ಅಷ್ಟು ಅಗಲವಾಗಿ ನಾನು ಎಂದೂ ನೋಡಿರಲಿಲ್ಲ.

ಮಾತು ಇನ್ನೂ ಸ್ವಲ್ಪ ಇದೆ. ಹುಡುಗಿ, “ಸರಿ ಬಿಡಿ ಅಣ್ಣ, ಇದೊಂದು ಬಿಟ್ಟು ಹೋಗೋಣ,” ಎಂದು ನಗುತ್ತಾಳೆ. ಕಸ್ತೂರೆವ್ವ, “ಅಲ್ಲವಾ, ಈ ಕಂಬಾ ಹೊತಗೊಂಡು ನಮ್ಮ ಓಣಿ ಚಿತ್ರಾ ತೆಗದು ಏನ ಮಾಡತೀರಿ? ಯಾರ ನೋಡತಾರ ಇದನ್ನ?” ಎನ್ನುತ್ತಾಳೆ. ಹುಡುಗಿ, “ಆಟ ಆಡೋರೆಲ್ಲ ನೋಡ್ತಾರೆ ಅಮ್ಮ. ಎಲ್ಲೆಲ್ಲಿಯವರೋ,” ಎನ್ನುತ್ತಾಳೆ. ಕಸ್ತೂರೆವ್ವನ ಬಳೆಗಳ ಸದ್ದಾಗುತ್ತದೆ. ಆಮೇಲೆ, “ಹೌದಾ? ಹಂಗಾರ ನೋಡಾವ್ರಿಗೆ ನಂದೊಂದು ಮಾತ ಹೇಳ್ರಿ,” ಎನ್ನುತ್ತಾಳೆ.

ಅಷ್ಟರಲ್ಲಿ ನೀವು ಗಾಡಿಯನ್ನು ಹಿಂದಕ್ಕೆ ತೆಗೆಯುತ್ತೀರಿ. ಎಂಜಿನ್ ಗುಡುಗುತ್ತದೆ. ಅವಳು ಹೇಳುತ್ತಾಳೆ, ಹೇಳುವುದು ಗೊತ್ತಾಗುತ್ತದೆ, ಏನೆಂದು ಕೇಳುವುದಿಲ್ಲ.

ನಿನ್ನೆ ಕತ್ತಲಾಗುವವರೆಗೂ ಇವತ್ತು ಬೆಳಿಗ್ಗೆಯಿಂದಲೂ ನಾವಿಬ್ಬರೂ ಅಲ್ಲೇ ನಿಂತಿದ್ದೇವೆ. ಅದೇ ಮಾತು ಮತ್ತೆ ಮತ್ತೆ ಬರುತ್ತದೆ, ಅದೇ ಜಾಗದಲ್ಲಿ ಎಂಜಿನ್ ನುಂಗುತ್ತದೆ. ಚಹಾ ಕುಡಿದು ಹೋಗಿರಿ ಎಂದಿರಬೇಕು ಎನ್ನುತ್ತಾಳೆ ಅಜ್ಜಿ. ಆರಾಮ ಇರ್ರಿ ಎಂದಿರಬಹುದು ಎಂದು ನನಗನ್ನಿಸುತ್ತದೆ. ಕೆಳಗಿನ ಸಾಲಿನವರು ಮಳೆಯ ವಾಸನೆ ಬಂದಿದೆ ಎನ್ನುತ್ತಿದ್ದಾರೆ. ಬುಟ್ಟಿ ಇಳಿಬಿಡುವ ಹೊತ್ತಾಗಿದೆ, ಹೋಳಿಗೆ ಎರಡು ಜಾಸ್ತಿ ಇಟ್ಟಿದ್ದೇನೆ, ಒಂದು ನಿಮಗೆ, ಒಂದು ಆ ಹುಡುಗಿಗೆ.

ಮೊನ್ನೆ ಬರೆದ ಬೇಡಿಕೆಯನ್ನು ಹೊಡೆದುಹಾಕಿ. ಎಡಕ್ಕೆ ಹೊಳ್ಳಿಸಬೇಡಿ. ರಂಗೋಲಿ ಇದ್ದ ಹಾಗೇ ಇರಲಿ, ನಿಮಗೆ ಊಟ ಸೇರಲಿ. ನಾನು ಕೇಳುವುದು ಇಷ್ಟೇ. ಹಿಂದಕ್ಕೆ ತೆಗೆಯುವ ಮುಂಚೆ ಎಂಜಿನ್ ಬಂದ್ ಮಾಡಿ, ಅಣ್ಣ. ಆಕೆ ನಮಗೆ ಏನೋ ಹೇಳುತ್ತಿದ್ದಾಳೆ.

ನಿಮ್ಮ
ಗುಡ್ಡವ್ವ